ಎರಡು ತಲೆಯ ಗಂಡಭೇರುಂಡ

ತುಮಕೂರಿನಿಂದ ಗುಬ್ಬಿಗೋ ಕುಣಿಗಲ್ಲಿಗೋ ಹೋಗುವ ಸರ್ಕಾರಿ ಬಸ್ಸನ್ನು ನೀವೆಲ್ಲ ಹತ್ತಿದ್ದೀರಿ. ಅದರ ಮೇಲಿರುವ ಹಕ್ಕಿಯ ಗುರುತನ್ನು ಸರಿಯಾಗಿ ನೋಡಿದ್ದೀರಾ? ಮೈ ಒಂದೇ, ತಲೆ ಮಾತ್ರ ಎರಡು. ಒಂದು ಎಡಕ್ಕೆ ನೋಡ್ತದೆ, ಇನ್ನೊಂದು ಬಲಕ್ಕೆ. ಇದೇ ಗಂಡಭೇರುಂಡ. ಕರ್ನಾಟಕ ಸರ್ಕಾರದ ಲಾಂಛನದಲ್ಲಿ ಕೆಂಪು ಗುರಾಣಿಯ ಮೇಲೆ ಬೆಳ್ಳಗೆ ಇರುವುದೂ ಇದೇ ಹಕ್ಕಿ. ಅದರ ಅಕ್ಕಪಕ್ಕ ಆನೆ ಮುಖದ ಸಿಂಹಗಳು ನಿಂತಿವೆ.

ಹೆಸರಿನಲ್ಲಿ 'ಗಂಡ' ಅಂತ ಇದೆ ಎಂದು ಯಾರೂ ನಗಬೇಡಿ. ಹಳೆಗನ್ನಡದಲ್ಲಿ ಗಂಡ ಎಂದರೆ ಶೂರ ಎಂದು ಅರ್ಥ.

ಈ ಹಕ್ಕಿ ಹಿಂದೆ ಕಾಡಿನಲ್ಲಿತ್ತು, ಆಮೇಲೆ ನಾಶವಾಯಿತು ಅಂತ ನಮ್ಮ ತರಗತಿಯಲ್ಲಿ ಕೆಲವರು ವಾದ ಮಾಡುತ್ತಾರೆ. ಅದು ಸರಿಯಲ್ಲ. ಎರಡು ತಲೆಯ ಹಾವು, ಎರಡು ತಲೆಯ ಕರು ಅಪರೂಪಕ್ಕೆ ಹುಟ್ಟುವುದುಂಟು. ಆದರೆ ಅವು ಹೆಚ್ಚಾಗಿ ಬಹಳ ದಿನ ಬದುಕುವುದಿಲ್ಲ. ಎರಡು ತಲೆಯ ಹಕ್ಕಿಗಳ ಒಂದು ಜಾತಿಯೇ ಇತ್ತು ಎನ್ನುವುದಕ್ಕೆ ಒಂದು ಮೂಳೆಯೂ ಸಿಕ್ಕಿಲ್ಲ. ಇದು ಕೊಕ್ಕಿನಲ್ಲಿ ಆನೆಯನ್ನು ಕಚ್ಚಿಕೊಂಡು ಹಾರುತ್ತಿತ್ತಂತೆ! ಗಂಡಾನೆ 4000 ಕಿಲೋ ತೂಗುತ್ತದೆ, ಲೆಕ್ಕ ನೀವೇ ಹಾಕಿ. ಇದು ಜನರು ಮನಸ್ಸಿನಲ್ಲಿ ಕಟ್ಟಿದ ಲೋಕದ ಹಕ್ಕಿ.

ಆ ಲೋಕದಲ್ಲಿ ಇದರ ಕೆಲಸ ಏನು? ಹಿರಣ್ಯಕಶಿಪುವನ್ನು ಕೊಂದ ಮೇಲೂ ನರಸಿಂಹನ ಕೋಪ ಇಳಿಯಲಿಲ್ಲ. ಲೋಕವೆಲ್ಲ ನಡುಗಿತು. ಆಗ ಶಿವನು ಶರಭನಾಗಿ ಬಂದು ಅವನನ್ನು ಅಡಗಿಸಿದನು. ಶರಭ ಎಂದರೆ ಸಿಂಹದ ಮೈಯ, ರೆಕ್ಕೆಯಿರುವ, ಎಂಟು ಕಾಲಿನ ಮೃಗ. ಶೈವರು ಹೇಳುವಾಗ ಕಥೆ ಇಲ್ಲಿಗೆ ಮುಗಿಯುತ್ತದೆ. ವೈಷ್ಣವರು ಇನ್ನೂ ಮುಂದಕ್ಕೆ ಹೇಳುತ್ತಾರೆ: ನರಸಿಂಹನು ಗಂಡಭೇರುಂಡ ರೂಪ ತಾಳಿ ಶರಭನನ್ನೇ ಸೋಲಿಸಿದನು. ಕಥೆ ಎಲ್ಲಿ ನಿಲ್ಲಿಸಬೇಕು ಅನ್ನೋದು ಹೇಳುವವರ ಕೈಯಲ್ಲಿ ಐತೆ.

ಬೇಲೂರಿನ ಚೆನ್ನಕೇಶವ ದೇವಸ್ಥಾನದಲ್ಲಿ ಇದನ್ನು ಕಲ್ಲಿನಲ್ಲೇ ಕೆತ್ತಿದ್ದಾರೆ. ಜಿಂಕೆಯನ್ನು ಹೆಬ್ಬಾವು ಹಿಡಿದಿದೆ, ಹಾವನ್ನು ಆನೆ ಎತ್ತಿದೆ, ಆನೆಯ ಮೇಲೆ ಸಿಂಹ ಬಿದ್ದಿದೆ, ಸಿಂಹವನ್ನು ಶರಭ ಹಿಡಿದಿದೆ, ಶರಭನನ್ನು ಗಂಡಭೇರುಂಡ. ವಿಜ್ಞಾನ ಪಾಠದ ಆಹಾರ ಸರಪಳಿ ಇದ್ದ ಹಾಗೇ ಇದೆ. ಆದರೆ ಗಂಡಭೇರುಂಡನ ಮೇಲೆ ಯಾರೂ ಇಲ್ಲ. ಸಾಲು ಅಲ್ಲಿಗೆ ಮುಗಿಯಿತು. ಆ ಕೊನೆಯ ಜಾಗ ತಮ್ಮದಾಗಬೇಕು ಎಂದೇ ರಾಜರು ಈ ಹಕ್ಕಿಯನ್ನು ಗುರುತು ಮಾಡಿಕೊಂಡರು ಎಂದು ನನಗೆ ಅನ್ನಿಸುತ್ತದೆ. ಸಿಂಹವನ್ನು ಗುರುತು ಮಾಡಿಕೊಂಡರೆ ಶರಭ ಮೇಲಿರ್ತದಲ್ಲ!

ಶಿವಮೊಗ್ಗ ಜಿಲ್ಲೆಯ ಬಳ್ಳಿಗಾವಿಯಲ್ಲಿ ಚಾಲುಕ್ಯರ ಕಾಲದ ಚಾವುಂಡರಾಯರಸನು 1047ರಲ್ಲಿ ಭೇರುಂಡನ ಕಂಬ ನಿಲ್ಲಿಸಿದನು. ಆ ಕಡೆಯ ಶಾಸನಗಳಲ್ಲಿ 'ಭೇರುಂಡ ಗಳೆ' ಎಂಬ ಅಳತೆ ಕೋಲಿನ ಹೆಸರು ಬರುತ್ತದೆ. ಗಳೆ ಅಂದರೆ ನಮಗೆ ಗೊತ್ತಿರುವ ಗಳವೇ, ಉದ್ದನೆ ಕೋಲು. ಅದರಿಂದ ಭೂಮಿ ಅಳೆಯುತ್ತಿದ್ದರು. ನೋಡಿ, ಇಲ್ಲದ ಹಕ್ಕಿಯ ಹೆಸರಿನ ಕೋಲಿನಿಂದ ಇರುವ ಹೊಲ ಅಳೆದರು! ಇದನ್ನು ತಿಳಿದಾಗ ನನಗೆ ಬಹಳ ಆಶ್ಚರ್ಯವಾಯಿತು.

ಮುಂದೆ ವಿಜಯನಗರದ ಅಚ್ಯುತರಾಯನ ಚಿನ್ನದ ನಾಣ್ಯಗಳ ಮೇಲೆ ಈ ಹಕ್ಕಿ ಬಂತು. ಕೊಕ್ಕಿನಲ್ಲೂ ಉಗುರಿನಲ್ಲೂ ಆನೆಗಳು! ಆಮೇಲೆ ಮೈಸೂರಿನ ಒಡೆಯರು ಇದನ್ನು ಲಾಂಛನ ಮಾಡಿಕೊಂಡರು. ನಮ್ಮ ತುಮಕೂರು ಸೀಮೆ ಅವರ ರಾಜ್ಯದಲ್ಲೇ ಇತ್ತು. ರಾಜರ ಆಳ್ವಿಕೆ ಹೋಯಿತು, 1973ರಲ್ಲಿ ಮೈಸೂರು ರಾಜ್ಯವು ಕರ್ನಾಟಕವಾಯಿತು, ಹಕ್ಕಿ ಮಾತ್ರ ಉಳಿಯಿತು. ಬೇರೆ ದೇಶದವರೂ ಇಂಥ ಹಕ್ಕಿ ಇಟ್ಟುಕೊಂಡಿದ್ದಾರೆ. ಅಲ್ಬೇನಿಯಾ ದೇಶದ ಕೆಂಪು ಬಾವುಟದ ಮೇಲೆ ಎರಡು ತಲೆಯ ಕಪ್ಪು ಹದ್ದು ಇದೆ.

ನಮ್ಮ ತಾತನಿಗೆ ಓದಲು ಬರುವುದಿಲ್ಲ. ತಾಲ್ಲೂಕು ಕಚೇರಿಯ ಕಾಗದ ಬಂದರೆ ಮೊದಲು "ಹಕ್ಕಿ ಐತಾ ನೋಡು ಮಗಾ" ಅಂತಾರೆ. ಹಕ್ಕಿ ಇದ್ದರೆ ಕಾಗದವನ್ನು ಟ್ರಂಕಿನಲ್ಲಿ ಇಡುತ್ತಾರೆ, ಇಲ್ಲದಿದ್ದರೆ ಅದು ಒಲೆ ಹಚ್ಚೋಕೆ. ಓದು ಬಾರದವರಿಗೆ ಆ ಹಕ್ಕಿಯೇ ಅಕ್ಷರ. ಹೋದ ವರ್ಷ ಸಾಲ ಕೊಡಿಸುತ್ತೇವೆ ಎಂದು ಒಬ್ಬರು ಮನೆಗೆ ಬಂದರು. ಅವರ ಕಾಗದದ ಮೇಲೂ ಎರಡು ತಲೆಯ ಹಕ್ಕಿ ಇತ್ತು. ತಾತ ಹೆಬ್ಬೆಟ್ಟಿಗೆ ಮಸಿ ಹಚ್ಚಿಕೊಂಡೇಬಿಟ್ಟಿದ್ದರು. ನಾನು ಓದಿದೆ. 'ಕರ್ನಾಟಕ ಸರ್ಕಾರ' ಅಂತ ಎಲ್ಲೂ ಇರಲಿಲ್ಲ, ಇಲಾಖೆಯ ಹೆಸರೂ ಇರಲಿಲ್ಲ. ಕೆಳಗೆ ಸಣ್ಣ ಅಕ್ಷರದಲ್ಲಿ ಹೊಲದ ಸರ್ವೆ ನಂಬರು ಮಾತ್ರ ಇತ್ತು. ಅಪ್ಪ ಬರಲಿ ಎಂದೆ. ಬಂದವರು ಕಾಗದ ಮಡಚಿಕೊಂಡು ಹೋದರು, ಮತ್ತೆ ಬರಲಿಲ್ಲ.

ಸರ್ಕಾರದ ಲಾಂಛನವನ್ನು ಅನುಮತಿ ಇಲ್ಲದೆ ವ್ಯಾಪಾರಕ್ಕೆ ಬಳಸಬಾರದು ಎಂದು 1950ರಲ್ಲೇ ಕಾಯ್ದೆ ಆಗಿದೆ. ಆದರೆ ಹಕ್ಕಿಯ ಚಿತ್ರ ಬರೆಯುವುದು ಏನೂ ಕಷ್ಟವಲ್ಲ. ಈ ಪತ್ರಿಕೆಯ ಮೂಲೆಯಲ್ಲಿ ನಾನೇ ಬರೆದಿದ್ದೇನೆ, ನೋಡಿ. ತಾತ ಈಗಲೂ ಮೊದಲು ಹಕ್ಕಿಯನ್ನೇ ಕೇಳುತ್ತಾರೆ. ಆಮೇಲೆ "ಅದರ ಕೆಳಗೆ ಏನೈತೆ, ಪೂರ್ತಿ ಓದು" ಅಂತಾರೆ.