ಪಡಿತರ ಯಾರಿಗೆ? ಗುರಿ ನಿರ್ದೇಶನ ಮತ್ತು ಎರಡು ದೋಷಗಳು
1997ರ ಜೂನ್‌ನಲ್ಲಿ ಗುರಿನಿರ್ದೇಶಿತ ಸಾರ್ವಜನಿಕ ವಿತರಣಾ ವ್ಯವಸ್ಥೆ ಜಾರಿಗೆ ಬಂದು, ಅಲ್ಲಿಯವರೆಗೆ ಬಹುಮಟ್ಟಿಗೆ ಎಲ್ಲರಿಗೂ ತೆರೆದಿದ್ದ ಪಡಿತರವನ್ನು ಬಡತನ ರೇಖೆಗಿಂತ ಕೆಳಗಿನವರು (ಬಿಪಿಎಲ್), ಮೇಲಿನವರು (ಎಪಿಎಲ್) ಎಂದು ವಿಂಗಡಿಸಿತು. 2000ರ ಡಿಸೆಂಬರ್‌ನಲ್ಲಿ ಕಡುಬಡವರಿಗಾಗಿ ಅಂತ್ಯೋದಯ ಅನ್ನ ಯೋಜನೆ ಸೇರಿಕೊಂಡಿತು.

ಮುಖ್ಯ ಪರೀಕ್ಷೆಯ ಪ್ರಬಂಧಕ್ಕೆ ಬೇಕಾದ ತಿರುಳು ಇಲ್ಲಿದೆ. ಅರ್ಹರು ಪಟ್ಟಿಯಿಂದ ತಪ್ಪಿಹೋದರೆ ಅದು ಹೊರಗುಳಿಕೆಯ ದೋಷ. ಅನರ್ಹರು ನುಸುಳಿದರೆ ಒಳಸೇರ್ಪಡೆಯ ದೋಷ. ಒಂದನ್ನು ಬಿಗಿಮಾಡಿದರೆ ಇನ್ನೊಂದು ಹೆಚ್ಚುತ್ತದೆ. ಕೂಲಿ ಕಾರ್ಮಿಕರ ಆದಾಯಕ್ಕೆ ದಾಖಲೆಯಿಲ್ಲ, ಮಳೆ ಕೈಕೊಟ್ಟ ವರ್ಷ ಸಣ್ಣ ರೈತನೂ ಬಡತನಕ್ಕೆ ಜಾರುತ್ತಾನೆ. ಹೀಗಿರುವಾಗ ಆದಾಯ ಮಿತಿಯ ಗೆರೆ ಎಳೆಯುವುದೇ ಕಷ್ಟ. ಎರಡೂ ದೋಷಗಳನ್ನು ಸಮನಾಗಿ ತೂಗುವುದು ನ್ಯಾಯವಲ್ಲ. ಒಳಸೇರ್ಪಡೆಯಿಂದ ಬೊಕ್ಕಸಕ್ಕೆ ಹೊರೆ, ಹೊರಗುಳಿಕೆಯಿಂದ ಒಂದು ಮನೆಯ ಊಟಕ್ಕೇ ಕುತ್ತು. ಎಲ್ಲರಿಗೂ ಪಡಿತರ ಎಂಬುದರ ಪರ ಇನ್ನೊಂದು ವಾದವಿದೆ: ಎಲ್ಲ ವರ್ಗದವರೂ ಬಳಸುವ ಸೇವೆಯ ಗುಣಮಟ್ಟ ಕೆಟ್ಟಾಗ ದನಿ ಎತ್ತುವವರೂ ಹೆಚ್ಚು. ಸಾರ್ವತ್ರಿಕ ಪಡಿತರವನ್ನು ಉಳಿಸಿಕೊಂಡ ತಮಿಳುನಾಡನ್ನು ಇದಕ್ಕೆ ಉದಾಹರಣೆಯಾಗಿ ಬರೆಯಬಹುದು.

ರಾಷ್ಟ್ರೀಯ ಆಹಾರ ಭದ್ರತಾ ಕಾಯ್ದೆ, 2013: ಗ್ರಾಮೀಣ ಜನಸಂಖ್ಯೆಯ ಶೇ 75, ನಗರದ ಶೇ 50ರವರೆಗೆ ವ್ಯಾಪ್ತಿ. ತಿಂಗಳಿಗೆ ಆದ್ಯತಾ ಕುಟುಂಬದಲ್ಲಿ ತಲಾ 5 ಕೆ.ಜಿ., ಅಂತ್ಯೋದಯ ಕುಟುಂಬಕ್ಕೆ 35 ಕೆ.ಜಿ. ಧಾನ್ಯ, 2023ರ ಜನವರಿ 1ರಿಂದ ಉಚಿತ. ಕರ್ನಾಟಕ ಸರ್ಕಾರದ ಅಕ್ಕಿ ವಿತರಣಾ ಯೋಜನೆ ಅನ್ನಭಾಗ್ಯ ಜಾರಿಯಾದದ್ದು 2013ರ ಜುಲೈನಲ್ಲಿ. 2023ರ ಜುಲೈನಲ್ಲಿ ಈ ಯೋಜನೆಯ ಹೆಚ್ಚುವರಿ 5 ಕೆ.ಜಿ. ಅಕ್ಕಿ ಹೊಂದಿಸಲಾಗದೆ ಕೆ.ಜಿ.ಗೆ 34 ರೂಪಾಯಿಯಂತೆ ತಲಾ 170 ರೂಪಾಯಿ ಖಾತೆಗೆ ಜಮೆಯಾಯಿತು. ಧಾನ್ಯವೋ ನಗದೋ ಎಂಬ ಪ್ರಶ್ನೆಗೆ ಇದು ಉದಾಹರಣೆ.

ಪೂರ್ವಭಾವಿ ಪರೀಕ್ಷೆಗೆ: ಪಡಿತರ ಚೀಟಿಗೆ ಮನೆಯ ಯಜಮಾನಿ, 18 ವರ್ಷ ತುಂಬಿದ ಅತ್ಯಂತ ಹಿರಿಯ ಮಹಿಳೆ.