ಸರಕಿನ ಹಕ್ಕು ಯಾರ ಕೈಯಲ್ಲಿ? ಪಾರ್ವತಮ್ಮ ರಾಜಕುಮಾರ್ ಅವರ ನಿರ್ಮಾಣ ವೃತ್ತಿಯಿಂದ ಒಂದು ವ್ಯಾಪಾರ ಪಾಠ

ಇಳಕಲ್ಲಿನ ಮಗ್ಗದಿಂದ ಸೀರೆ ಇಳಿದಾಗ ನೇಕಾರನ ಕೆಲಸ ಮುಗಿಯುತ್ತದೆ. ಆದರೆ ಅದರ ಲಾಭ ಯಾರದೆಂಬುದು ಇನ್ನೂ ತೀರ್ಮಾನವಾಗಿರುವುದಿಲ್ಲ. ನೂಲು ಯಾರದು, ಸರಕಿನ ಒಡೆತನ ಯಾರದು, ಬೆಲೆ ಬರುವವರೆಗೆ ಕಾಯುವ ಶಕ್ತಿ ಯಾರಿಗಿದೆ ಎಂಬ ಮೂರು ಸಂಗತಿಗಳು ಅದನ್ನು ನಿರ್ಧರಿಸುತ್ತವೆ. ಬಾಗಲಕೋಟೆ, ಹುನಗುಂದ ಪೇಟೆಗಳ ಜವಳಿ ವರ್ತಕರಿಗೂ ಬಾದಾಮಿ ಸೀಮೆಯ ಗುಳೇದಗುಡ್ಡದ ಖಣ ಉತ್ಪಾದಕರಿಗೂ ಇದು ಹೊಸ ಮಾತಲ್ಲ. ಚಲನಚಿತ್ರವೂ ಒಂದು ಸರಕೇ. ಆ ವ್ಯಾಪಾರದಲ್ಲಿ ಈ ಮೂರು ಸಂಗತಿಗಳನ್ನು ಚೆನ್ನಾಗಿ ಅರಿತಿದ್ದವರು ನಿರ್ಮಾಪಕಿ ಶ್ರೀಮತಿ ಪಾರ್ವತಮ್ಮ ರಾಜಕುಮಾರ್.

ವೃತ್ತಿಯ ಹಾದಿ

1939ರಲ್ಲಿ ಮೈಸೂರು ಜಿಲ್ಲೆಯ ಸಾಲಿಗ್ರಾಮದಲ್ಲಿ ಜನಿಸಿದ ಪಾರ್ವತಮ್ಮನವರು 1953ರಲ್ಲಿ ಡಾ. ರಾಜಕುಮಾರ್ ಅವರನ್ನು ವಿವಾಹವಾದರು. 1975ರ 'ತ್ರಿಮೂರ್ತಿ' ಚಿತ್ರದಿಂದ ನಿರ್ಮಾಣಕ್ಕೆ ಇಳಿದರು. ಪತಿಯ ಜನಪ್ರಿಯತೆ ದೊಡ್ಡ ಬಂಡವಾಳವಾಗಿತ್ತೆಂಬುದು ನಿಜ. ಆದರೆ ಅದೊಂದನ್ನೇ ನೆಚ್ಚಿ ಅವರು ಕೂರಲಿಲ್ಲ. ಪುತ್ರರಿಗೂ ಹೊಸ ಕಲಾವಿದೆಯರಿಗೂ ಅವಕಾಶ ನೀಡಿದರು. 'ಜನುಮದ ಜೋಡಿ' (1996) ಚಿತ್ರಕ್ಕೆ ಪನ್ನಾಲಾಲ್ ಪಟೇಲರ ಗುಜರಾತಿ ಕಾದಂಬರಿ ಆಧಾರವಾಯಿತು. 'ಅಪ್ಪು' (2002) ಚಿತ್ರದ ಮೂಲಕ ಕಿರಿಯ ಪುತ್ರ ಪುನೀತ್ ನಾಯಕನಟರಾದರು. ಪಾರ್ವತಮ್ಮನವರು 2017ರ ಮೇ 31ರಂದು ನಿಧನರಾದರು.

ಹಂಚಿಕೆಯ ಮೂರು ವಿಧಗಳು

ಚಿತ್ರೋದ್ಯಮದಲ್ಲಿ ಸರಕು ಮಾರುವ ಕ್ರಮಗಳು ಮುಖ್ಯವಾಗಿ ಮೂರು. ಮೊದಲನೆಯದರಲ್ಲಿ ನಿರ್ಮಾಪಕನು ಒಂದು ಪ್ರದೇಶದ ಪ್ರದರ್ಶನ ಹಕ್ಕನ್ನು ನಿಗದಿತ ಅವಧಿಗೆ ಪೂರ್ತಿ ಮಾರುತ್ತಾನೆ; ಆಮೇಲಿನ ಲಾಭನಷ್ಟ ಕೊಂಡವನದು. ಎರಡನೆಯದರಲ್ಲಿ ಹಂಚಿಕೆದಾರನು ಕನಿಷ್ಠ ಮೊತ್ತಕ್ಕೆ ಖಾತರಿ ನೀಡಿ, ಹೆಚ್ಚಿಗೆ ಬಂದದ್ದನ್ನು ಕರಾರಿನಂತೆ ಹಂಚಿಕೊಳ್ಳುತ್ತಾನೆ. ಮೂರನೆಯದು ನಮ್ಮ ಅಡತಿ ವ್ಯಾಪಾರದಂತೆ: ಹಂಚಿಕೆದಾರನಿಗೆ ದಲಾಲಿ ಮಾತ್ರ, ಲಾಭನಷ್ಟವೆಲ್ಲ ನಿರ್ಮಾಪಕನದು.

ಪಾರ್ವತಮ್ಮನವರು ನಿರ್ಮಾಣದೊಂದಿಗೆ ಹಂಚಿಕೆಯನ್ನೂ ಕೈಗೆತ್ತಿಕೊಂಡರು. ಸ್ವಂತ ಹಂಚಿಕೆಯಿದ್ದರೆ ಯಾವ ಊರಿನಲ್ಲಿ ಯಾವ ಚಿತ್ರ ಎಷ್ಟು ಗಳಿಸಿತೆಂಬ ಲೆಕ್ಕ ನೇರವಾಗಿ ಕೈಗೆ ಬರುತ್ತದೆ. ಮುಂದಿನ ಚಿತ್ರಕ್ಕೆ ಎಷ್ಟು ಹಣ ಹೂಡಬಹುದೆಂಬುದಕ್ಕೆ ಇದಕ್ಕಿಂತ ನಂಬಲರ್ಹ ಆಧಾರ ಬೇರೊಂದಿಲ್ಲ.

'ಓಂ' ಚಿತ್ರದ ಉದಾಹರಣೆ

ಉಪೇಂದ್ರ ನಿರ್ದೇಶನದ 'ಓಂ' 1995ರಲ್ಲಿ ತೆರೆಕಂಡಿತು. ಅದರ ಹಿಂದಿನ ವರ್ಷವಷ್ಟೇ ಕನ್ನಡದ ಉಪಗ್ರಹ ವಾಹಿನಿ ಉದಯ ಟಿವಿ ಆರಂಭವಾಗಿತ್ತು. ಮನೆಯಲ್ಲೇ ನೋಡಸಿಗುವ ಚಿತ್ರಕ್ಕೆ ಟಿಕೆಟು ಕೊಳ್ಳುವವರು ಕಡಿಮೆಯಾಗುವುದು ಸಹಜ. 'ಓಂ' ಚಿತ್ರದ ದೂರದರ್ಶನ ಹಕ್ಕು ಮಾರಾಟವಾದದ್ದು ಸುಮಾರು ಇಪ್ಪತ್ತು ವರ್ಷಗಳ ನಂತರ, 2015ರಲ್ಲಿ. ಅಷ್ಟರಲ್ಲಿ ಚಿತ್ರವು ನೂರಾರು ಬಾರಿ ಮರುಬಿಡುಗಡೆಯಾಗಿ ಚಿತ್ರಮಂದಿರಗಳಲ್ಲಿ ಗಳಿಸುತ್ತಲೇ ಇತ್ತು. ಚಿತ್ರ ಒಂದೇ ಆದರೂ ಚಿತ್ರಮಂದಿರದ ಹಕ್ಕು ಬೇರೆ, ದೂರದರ್ಶನದ ಹಕ್ಕು ಬೇರೆ. ಒಂದನ್ನು ಮಾರಿದಾಗ ಇನ್ನೊಂದನ್ನು ಉಳಿಸಿಕೊಂಡದ್ದೇ ಇಲ್ಲಿನ ಜಾಣತನ.

ನಮಗೇನು ಪಾಠ?

ಈ ದಾರಿ ಎಲ್ಲರಿಗೂ ಸಲ್ಲುವುದಿಲ್ಲ. ಕಾಯಲು ಬಂಡವಾಳ ಬೇಕು. ಬಡ್ಡಿಯ ಹಣದಲ್ಲಿ ನೂಲು ತಂದವನಿಗೆ ಹಬ್ಬದ ಹಂಗಾಮಿನವರೆಗೂ ಸೀರೆ ಹಿಡಿದಿಡುವುದು ಕಷ್ಟ. ಸ್ವಂತ ಹಂಚಿಕೆಯಲ್ಲಿ ಒಂದು ಚಿತ್ರ ಸೋತರೂ ಪೂರ್ಣ ನಷ್ಟ ಒಂದೇ ಮನೆಯ ಮೇಲೆ ಬೀಳುತ್ತದೆ.

ಆದ್ದರಿಂದ ಸಣ್ಣ ಉತ್ಪಾದಕರು ಮಧ್ಯಮ ಮಾರ್ಗ ಹಿಡಿಯುವುದು ಲೇಸು. ಉತ್ಪಾದನೆಯ ಹೆಚ್ಚಿನ ಪಾಲನ್ನು ಖಚಿತ ಬೆಲೆಗೆ ಕೊಟ್ಟು ನಿತ್ಯದ ಖರ್ಚು ನಿಭಾಯಿಸಬೇಕು. ಒಂದು ಪಾಲನ್ನಾದರೂ ಸ್ವಂತ ಹೆಸರಿನಲ್ಲಿ ಮಾರಿ ಗಿರಾಕಿಯ ಒಲವನ್ನು ನೇರವಾಗಿ ಅರಿಯಬೇಕು. ವಿನ್ಯಾಸ ಅಥವಾ ಗುರುತನ್ನು ಬೇರೆಯವರಿಗೆ ಕೊಡುವಾಗ ಯಾವ ಪ್ರದೇಶಕ್ಕೆ, ಎಷ್ಟು ಅವಧಿಗೆ, ಯಾವ ಬಳಕೆಗೆ ಎಂಬುದನ್ನು ಕರಾರಿನಲ್ಲಿ ಬರೆಸಿಕೊಳ್ಳಬೇಕು. ಬರೆಯದೆ ಬಿಟ್ಟ ಹಕ್ಕು ಮುಂದೆ ತಕರಾರಿಗೆ ಮೂಲವಾಗುತ್ತದೆ. ಇಂದು ಬೆಲೆಯಿಲ್ಲವೆಂದು ತೋರುವ ಹಕ್ಕೇ ಇಪ್ಪತ್ತು ವರ್ಷಗಳ ಮೇಲೆ ಮನೆಯ ಆಸ್ತಿಯಾಗಬಹುದು.