ಶಿಶುನಾಮದ ಅರ್ಥವಿಚಾರ

ನಾಮಕರಣದಂದು ತಂದೆಯು ಶಿಶುವಿನ ಕಿವಿಯಲ್ಲಿ ಉಚ್ಚರಿಸುವ ಹೆಸರು ಮುಂದೆ ಜೀವನಪರ್ಯಂತ ಸಂಕಲ್ಪ, ಆಶೀರ್ವಾದಗಳಲ್ಲಿ ಬರತಕ್ಕದ್ದು. ಆದಕಾರಣ ಅದರ ಅರ್ಥವನ್ನು ಮೊದಲೇ ವಿಚಾರಿಸುವುದು ಯುಕ್ತ. ಪತಂಜಲಿಯು ಮಹಾಭಾಷ್ಯದ ಪಸ್ಪಶಾಹ್ನಿಕದಲ್ಲಿ ವ್ಯಾಕರಣಾಧ್ಯಯನದ ಪ್ರಯೋಜನಗಳನ್ನು ಹೇಳುವಾಗ ಶಿಶುವಿಗೆ ಹೆಸರಿಡುವುದನ್ನೂ ಎಣಿಸಿದ್ದಾನೆ.

ಈಗ ಪ್ರಚಾರದಲ್ಲಿರುವ ‘ಆರವ್’ ಎಂಬುದನ್ನು ನೋಡೋಣ. ಹೆಸರುಗಳ ಪಟ್ಟಿಗಳಲ್ಲಿ ಇದಕ್ಕೆ ‘ಶಾಂತ’ ಎಂಬ ಅರ್ಥವುಂಟು. ಆದರೆ ‘ಆರವ’ ಶಬ್ದವು ಧ್ವನಿಗೈಯುವ ಅರ್ಥದ ‘ರು’ ಧಾತುವಿಗೆ ‘ಆಙ್’ ಉಪಸರ್ಗ ಸೇರಿ ಸಿದ್ಧವಾದುದು. ಪಾಣಿನಿಯ 3.3.50ನೆಯ ಸೂತ್ರದ ವಿಕಲ್ಪದಿಂದ ‘ಆರಾವ’, ‘ಆರವ’ ಎಂದು ಎರಡು ರೂಪಗಳಾಗುತ್ತವೆ. ಅಮರಕೋಶದ ಪ್ರಥಮಕಾಂಡವು ಇವೆರಡನ್ನೂ ಧ್ವನಿಯ ಪರ್ಯಾಯಗಳಲ್ಲಿ ಹೇಳಿದೆ. ಪಟ್ಟಿಯ ಅರ್ಥಕ್ಕೆ ಇದು ತೀರ ವಿರುದ್ಧ! ಶಾಂತತೆಯೇ ಇಷ್ಟವಾದರೆ ‘ಪ್ರಶಾಂತ’, ‘ನೀರವ’ ಎಂಬ ಶಬ್ದಗಳಿವೆ.

‘ಶ್ರೇಯಾ’ ಎಂಬಲ್ಲಿ ಅರ್ಥ ಸರಿಯಿದ್ದರೂ ರೂಪ ಸರಿಯಿಲ್ಲ. ‘ಶ್ರೇಯಸ್’ ಶಬ್ದವು ಸಕಾರಾಂತವಾದುದರಿಂದ ಸ್ತ್ರೀಲಿಂಗದಲ್ಲಿ ‘ಶ್ರೇಯಸೀ’ ಎಂದಾಗುತ್ತದೆ.

ಪರಿಶೀಲನೆಯ ಕ್ರಮವಿಷ್ಟು: ಉತ್ತರದ ಉಚ್ಚಾರಣೆಯಲ್ಲಿ ಲೋಪವಾದ ಅಂತ್ಯಸ್ವರವನ್ನು ಮೊದಲು ಸೇರಿಸಿಕೊಳ್ಳಬೇಕು, ಬಳಿಕ ಧಾತು, ಉಪಸರ್ಗ, ಪ್ರತ್ಯಯಗಳನ್ನು ಬಿಡಿಸಬೇಕು, ಕೊನೆಗೆ ಅಮರಕೋಶವನ್ನೋ 1894ರ ಕಿಟ್ಟೆಲ್ ಕೋಶವನ್ನೋ ನೋಡಬೇಕು. ಎಲ್ಲಿಯೂ ಸಿಗದಿದ್ದರೆ ಅನ್ಯಭಾಷೆಯ ಮೂಲವನ್ನು ವಿಚಾರಿಸಬೇಕು. ಅನ್ಯಭಾಷೆಯ ಹೆಸರಿಡುವುದು ದೋಷವಲ್ಲ. ಅದಕ್ಕೆ ಇಲ್ಲದ ಸಂಸ್ಕೃತಾರ್ಥವನ್ನು ಕಲ್ಪಿಸುವುದು ದೋಷ. ನಾಳೆ ಆ ಮಗುವೇ ‘ನನ್ನ ಹೆಸರಿನ ಅರ್ಥವೇನು?’ ಎಂದು ಕೇಳುವಾಗ ನಿಜವನ್ನೇ ಹೇಳುವಂತಿರಬೇಕು.